ಕವಿ ಕೂತ ದಿಣ್ಣೆ

ರಷ್ಯಾ ದೇಶದ ಉತ್ತರಕ್ಕೆ, ಸೆಲ್ಮಾ ಎಂಬ ನದಿ ಮೊಣಕೈಯಂತೆ ಬಾಗುವಲ್ಲಿ ವೆರೆಸ್ಕಿನೊ ಎಂಬ ಊರಿದೆ. ಇನ್ನೂರು ಮನೆ, ಮರದ ಗೋಡೆ, ಮರದ ಮಾಡು. ಎಂಟು ತಿಂಗಳು ಹಿಮ, ಉಳಿದ ನಾಲ್ಕು ತಿಂಗಳು ಸೊಳ್ಳೆ. ಊರ ಹೊರಗೆ, ನದಿ ದಾಟುವ ಜಾಗದ ಪಕ್ಕದಲ್ಲಿ ಒಂದು ಬೋಳು ದಿಣ್ಣೆ. ಹತ್ತಿದರೆ ಕಾಣುವುದು ನೀರು, ಆಚೆ ದಡದ ಬಿಳಿ ತೊಗಟೆಯ ಮರಗಳು, ಅವುಗಳ ಹಿಂದೆ ಸೈಬೀರಿಯಾದ ಕಡೆ ಹೋಗುವ ದಾರಿ, ಅಷ್ಟೇ. ಗಾಳಿಯಂತೂ ಟೋಪಿಯನ್ನು ತಲೆಯ ಮೇಲೆ ಇರಗೊಡುವುದಿಲ್ಲ. ಆದರೂ ಬೇಸಿಗೆಯಲ್ಲಿ ಬಸ್ಸುಗಟ್ಟಲೆ ಜನ ಬರುತ್ತಾರೆ. ಊರವರು ಇದನ್ನು 'ಕವಿ ಕೂತ ದಿಣ್ಣೆ' ಎನ್ನುತ್ತಾರೆ. ಕೂತದ್ದು ಒಂದೇ ಸಲ, ಅದೂ ಒಂದು ಗುಟುಕು ನೀರು ಕುಡಿಯುವಷ್ಟು ಹೊತ್ತು. ಅಷ್ಟಕ್ಕೇ ಹೆಸರೇ ಎಂದು ನಗುವವರಿಗೆ ಊರ ಹಿರಿಯರು ಹೇಳುವ ಕಥೆ ಇದು. ಪುಸ್ತಕಗಳಲ್ಲಿ ಇರುವುದಕ್ಕೂ ಇದಕ್ಕೂ ತಾಳೆಯಾಗುವುದಿಲ್ಲ. ಪುಸ್ತಕ ಬರೆದವರಲ್ಲಿ ಒಬ್ಬರಾದರೂ ಅಂದು ದಿಣ್ಣೆಯ ಮೇಲೆ ಇದ್ದರೇ?

ಹಿಂದೆ ಒಮ್ಮೆ, ಜಾರ್ ದೊರೆಗಳ ಕಾಲದಲ್ಲಿ, ಪ್ರೊಖೊರ್ ಸಾವಿಚ್ ಲಾದೊಗಿನ್ ಎಂಬ ಕವಿ ರಷ್ಯಾದಲ್ಲೆಲ್ಲ ಮನೆಮಾತಾಗಿದ್ದ. ದರ್ಬಾರಿನವರೂ ಗಾಡಿ ಹೊಡೆಯುವವರೂ ಅವನ ಪದ್ಯಗಳನ್ನು ಒಂದೇ ಸಮ ಹೇಳಿಕೊಳ್ಳುತ್ತಿದ್ದರು. ಅರಮನೆಯ ಅನ್ನ ತಿಂದು ಕೊಬ್ಬಿದ ಸರದಾರನೊಬ್ಬನ ಮೇಲೆ ಅವನು ಹದಿನಾರು ಸಾಲು ಕಟ್ಟಿದ; ಅದು ಬೀದಿ ಹಾಡಾಯಿತು; ಕವಿ ಗಡೀಪಾರಾದ. ವೆರೆಸ್ಕಿನೊದಲ್ಲಿ ಇರತಕ್ಕದ್ದು, ಕಾಗದ ಲೇಖನಿ ಮಸಿ ಮುಟ್ಟತಕ್ಕದ್ದಲ್ಲ ಎಂದು ಆಜ್ಞೆ. ಊರಿನ ಅಧಿಕಾರಿ ಬಹಳ ಬುದ್ಧಿವಂತ. ಅಕ್ಷರ ಬಲ್ಲವರ ಮನೆಯಲ್ಲಿಟ್ಟರೆ ಯಾರಾದರೂ ಬರೆದುಕೊಂಡಾರು ಎಂದು ಯೋಚಿಸಿ, ಊರಲ್ಲೆಲ್ಲ ಹುಡುಕಿ, ಒಂದಕ್ಷರವೂ ಬಾರದ ಅಗಾಫ್ಯಾ ಎಂಬ ವಿಧವೆಯ ಮನೆಯಲ್ಲಿ ಅವನನ್ನು ಇರಿಸಿದ. ಕವಿ ಎಲ್ಲಿ ಹೋದ, ಏನು ಮಾಡಿದ ಎಂದು ವಾರಕ್ಕೊಮ್ಮೆ ಠಾಣೆಗೆ ಬಂದು ಹೇಳುವ ಕೆಲಸವನ್ನೂ ಅವಳಿಗೇ ವಹಿಸಿದ. ಅಗಾಫ್ಯಾಳ ಕಸುಬು ಏನೆಂದು ಮಾತ್ರ ಆ ಬುದ್ಧಿವಂತ ವಿಚಾರಿಸಲಿಲ್ಲ. ಸಾವಿನ ಮನೆಗಳಲ್ಲಿ ಹಾಡಿ ಅಳುವುದು ಅವಳ ಕಸುಬು. ತಾಯಿಯಿಂದ, ಅಜ್ಜಿಯಿಂದ ಬಂದ ಮುನ್ನೂರು ಅಳುಹಾಡುಗಳು ಅವಳ ತಲೆಯಲ್ಲಿದ್ದವು. ಯಾವ ಸಾಲನ್ನಾದರೂ ಮೂರು ಸಲ ಕೇಳಿ ಮೂರು ಸಲ ತಿರುಗಿ ಹೇಳಿದರೆ ಆಯಿತು, ಸಾಯುವವರೆಗೆ ಅದು ಅವಳದು.

ಕವಿಗೋ ಕಾಲಿಗೆ ಚಕ್ರ. ಊಟವನ್ನೂ ನಿಂತೇ ಮಾಡುತ್ತಿದ್ದ. ಬೆಂಚಿನ ಮೇಲೆ ಕೂತರೆ ಪದ ಹೊರಡುವುದಿಲ್ಲ ಎನ್ನುತ್ತಿದ್ದ. ಬೆಳಗಾದರೆ ದಿಣ್ಣೆ ಹತ್ತಿ, ಆ ತುದಿಯಿಂದ ಈ ತುದಿಗೆ ಹೋಗುತ್ತ ಬರುತ್ತ ಗಟ್ಟಿಯಾಗಿ ಪದ್ಯ ಕಟ್ಟುತ್ತಿದ್ದ. ಕಾಯುವ ಹೊಣೆ ಹೊತ್ತ ಅಗಾಫ್ಯಾ ಹತ್ತು ಹೆಜ್ಜೆ ಹಿಂದೆ ನಡೆಯುತ್ತಿದ್ದಳು. ಮೊದಲ ಚಳಿಗಾಲದಲ್ಲಿ ಒಂದು ದಿನ ಕವಿ ಹಳೆಯ ಪದ್ಯವೊಂದರ ನಡುವೆ ತಡವರಿಸಿ ನಿಂತ. ಹಿಂದಿನಿಂದ ಅವಳು, "ಹೋದ ವಾರ ಹಂಗಂದಿರ್ಲಿಲ್ಲ ಅಪ್ಪಾ, ಹಿಂಗಂದಿದ್ದೆ" ಎಂದು ಆ ಸಾಲನ್ನೂ ಮುಂದಿನ ಇಪ್ಪತ್ತು ಸಾಲನ್ನೂ ಒಪ್ಪಿಸಿಬಿಟ್ಟಳು. ಕವಿ ಹಿಮದಲ್ಲಿ ನಿಂತು ಅತ್ತನಂತೆ. ಅಂದಿನಿಂದ ಬೇಲಿಯೇ ಎದ್ದು ಹೊಲ ಮೇಯತೊಡಗಿತು. ವಾರಕ್ಕೊಮ್ಮೆ ಠಾಣೆಗೆ ಹೋಗಿ, "ನಡೀತಾರೆ, ಗೊಣಗ್ತಾರೆ, ಬೇರೇನೂ ಇಲ್ಲ" ಎಂದು ವರದಿ ಒಪ್ಪಿಸುವಳು. ತಲೆಯಲ್ಲಿ ನಲವತ್ತೆರಡು ಪದ್ಯ.

ಎರಡನೆಯ ಚಳಿಗಾಲದಲ್ಲಿ ಕವಿಯ ತಾಯಿ ತೀರಿಕೊಂಡ ಸುದ್ದಿ ಬಂತು. ಮಣ್ಣಿಗೆ ಹೋಗಲು ಅಪ್ಪಣೆ ಸಿಗಲಿಲ್ಲ. ಅಗಾಫ್ಯಾ ತಾನೇ ಹಾಡುತ್ತೇನೆ ಎಂದಳು. "ಬೇಡ ತಾಯಿ, ನನ್ನಮ್ಮನಿಗೆ ನಾನೇ ಹಾಡ್ತೀನಿ" ಎಂದು ಕವಿ ದಿಣ್ಣೆಗೆ ಹೋದ. ನಲವತ್ತು ದಿನ ತುಟಿ ಅಲುಗುತ್ತಿತ್ತೇ ಹೊರತು ಒಂದು ಸಾಲೂ ಹೊರಗೆ ಬರಲಿಲ್ಲ. ಪೂರ್ತಿಯಾಗದೆ ಹೇಳುವುದಿಲ್ಲ ಎಂದ. ಅಗಾಫ್ಯಾಳಿಗೆ ನಿದ್ದೆ ಹತ್ತದು. ಅಳುವವರ ಮನೆತನದಲ್ಲಿ ಒಂದು ನಂಬಿಕೆಯುಂಟು: ಕೊನೆಯ ಚರಣ ಹಾಡಿದರೆ ಮಾತ್ರ ಸತ್ತವರಿಗೆ ದಾರಿ, ಇಲ್ಲವಾದರೆ ಅವರು ಹೊಸ್ತಿಲಲ್ಲೇ ನಿಂತಿರುತ್ತಾರೆ. ನಲವತ್ತೊಂದನೆಯ ದಿನ ಬೆಳಿಗ್ಗೆ ಕವಿ, "ಆಯ್ತು ತಾಯಿ, ಹನ್ನೊಂದು ಚರಣ" ಎಂದ. ಅದೇ ಬೆಳಿಗ್ಗೆ ದಫೇದಾರ ಕುಜ್ಮಾ ಜಾರುಗಾಡಿ ತಂದು ದಿಣ್ಣೆಯ ಬುಡದಲ್ಲಿ ನಿಲ್ಲಿಸಿದ. ಕವಿಯನ್ನು ಈಗಿಂದೀಗಲೇ ಸೈಬೀರಿಯಾಕ್ಕೆ ಒಯ್ಯಬೇಕೆಂದು ಆಜ್ಞೆ. ನದಿಯ ಮೇಲಿನ ಹಿಮಗಡ್ಡೆ ಒಡೆಯುವ ಕಾಲ. ಇಂದು ದಾಟದಿದ್ದರೆ ಇನ್ನೊಂದು ತಿಂಗಳು ದಾಟಲಾಗದು, ಕುಜ್ಮಾನ ಕೆಲಸವೂ ಉಳಿಯದು.

ಆ ದೇಶದಲ್ಲೊಂದು ಪದ್ಧತಿ. ದೂರ ಪ್ರಯಾಣ ಹೊರಡುವ ಮುನ್ನ ಹೋಗುವವರೂ ಕಳಿಸುವವರೂ ಎಲ್ಲರೂ ಒಂದು ಗಳಿಗೆ ಮಾತಿಲ್ಲದೆ ಕೂರಬೇಕು. ಕೂರದೆ ಹೊರಟವನು ತಿರುಗಿ ಬರುವುದಿಲ್ಲ, ಕರೆದೊಯ್ದವನಿಗೂ ಕೇಡು. ಕುಜ್ಮಾನ ಅಣ್ಣ ಹಾಗೆ ಅವಸರದಲ್ಲಿ ಹೊರಟು ಇದೇ ಸೆಲ್ಮಾದಲ್ಲಿ ಮುಳುಗಿದ್ದ. ಮನೆಯೊಳಗೆ ಕೂರುವುದು ಕ್ರಮ, ಆದರೆ ಕವಿ ಮನೆಯಲ್ಲಿದ್ದರಲ್ಲವೇ? ಕುಜ್ಮಾ ದಿಣ್ಣೆಯ ಮೇಲೇ ಒಂದು ದಿಮ್ಮಿಯ ಮೇಲೆ ಕೂತು, ಗಾಡಿಯವನನ್ನೂ ಕೂರಿಸಿ, "ನೀವೂ ಕೂತ್ಕೊಳ್ಳಿ ಸ್ವಾಮಿ, ಹೊರಡೋಣ" ಎಂದ.

ಕವಿ ಕೂರಲಿಲ್ಲ. ಅಗಾಫ್ಯಾಳ ಕಡೆ ತಿರುಗಿ ಮೊದಲ ಚರಣ ಹೇಳಿದ. ಅವಳು ಒಪ್ಪಿಸಿದಳು. ಮತ್ತೆ ಹೇಳಿದ, ಮತ್ತೆ ಒಪ್ಪಿಸಿದಳು. ಮೂರು ಸಲವಾದ ಮೇಲೆ ಎರಡನೆಯದು. ಕುಜ್ಮಾನಿಗೆ ಅತ್ತ ದರಿ ಇತ್ತ ಪುಲಿ. ಎಳೆದೊಯ್ಯಲು ಕೈಯಲ್ಲಿ ಬಲವಿತ್ತು, ಎದೆಯಲ್ಲಿ ಧೈರ್ಯವಿರಲಿಲ್ಲ. ಪದ್ಯ ಹೇಳಬಾರದೆಂದು ಆಜ್ಞೆಯಲ್ಲಿ ಇರಲಿಲ್ಲ, ಕೂರಿಸುವ ಉಪಾಯವೂ ಅದರಲ್ಲಿ ಇರಲಿಲ್ಲ. "ಕೂತ್ಕೊಳ್ಳಿ ಸ್ವಾಮಿ, ನಿಮ್ಮ ದಮ್ಮಯ್ಯ" ಎಂದು ಗೋಗರೆದ. ಕವಿ ನಡೆಯುತ್ತಲೇ, "ನನ್ನಮ್ಮನ್ನ ಕಳಿಸಿ ಬರ್ತೀನಿ, ತಡಿ" ಎಂದ. ನಾಲ್ಕು ಚರಣವಾಯಿತು, ಏಳಾಯಿತು. ಬಿಸಿಲು ಏರಿತು. ನದಿಯ ನಡುವೆ ಗಡ್ಡೆ ಪಟಾರೆಂದು ಬಿರಿದ ಸದ್ದು ದಿಣ್ಣೆಯವರೆಗೂ ಕೇಳಿತು. ಗಾಡಿಯವನು ಇಳಿದು ಓಡಿ, ನೋಡಿ, ಏದುಸಿರು ಬಿಡುತ್ತ ಬಂದು, ಆಚೆ ದಡದ ಬಳಿ ನೀರು ಮೇಲೆ ಬಂದಿದೆ, ಇನ್ನರ್ಧ ಗಂಟೆಯೂ ತಡೆಯದು ಎಂದ. ಕವಿ ಆ ಕಡೆ ನೋಡಲೂ ಇಲ್ಲ. ಅಗಾಫ್ಯಾ ನೋಡಿದಳು. ಹತ್ತನೆಯದು ಅವಳಿಗೆ ಬಂದಿತ್ತು. ಕವಿ ಹನ್ನೊಂದನೆಯದನ್ನು ಹೇಳುತ್ತಿದ್ದಾಗ ಅವಳ ಕಣ್ಣು ಕಿವಿ ಎಲ್ಲ ನದಿಯ ಮೇಲಿತ್ತು. ನಾಲ್ಕು ಸಾಲು ಅವಳ ಮುಂದೆಯೇ ಹಾದುಹೋದವು, ಒಂದೂ ನಿಲ್ಲಲಿಲ್ಲ. ಇನ್ನೊಮ್ಮೆ ಹೇಳು ಎನ್ನಬೇಕು. ಅಂದರೆ ಮೂರು ಸಲ ಕೇಳಬೇಕು, ಮೂರು ಸಲ ಒಪ್ಪಿಸಬೇಕು. ಅಷ್ಟರಲ್ಲಿ ಗಡ್ಡೆ ಹೋಗುತ್ತದೆ, ಕೆಲಸ ಹೋಗುವ ಭಯಕ್ಕೆ ಕುಜ್ಮಾ ಹೇಗಾದರೂ ಗಾಡಿ ಹೊಡೆಸುತ್ತಾನೆ, ಕವಿ ನೀರಿನ ಪಾಲು.

"ಬಂತು" ಎಂದಳು ಅಗಾಫ್ಯಾ.

"ಒಂದೇ ಸಲಕ್ಕಾ? ಕೊನೇದೂ ಬಂತಾ?"

"ಎಲ್ಲಾ ಬಂತು. ಕೂತ್ಕೋ ಅಪ್ಪಾ."

ಕವಿ ಅವಳ ಮುಖ ನೋಡಿದ. ಎರಡು ವರ್ಷದಲ್ಲಿ ಅವಳು ಒಂದು ಸಾಲನ್ನೂ ತಪ್ಪಿರಲಿಲ್ಲ, ಯಾಕೆ ನಂಬಬಾರದು? ನಿಂತಲ್ಲೇ ಹಿಮದ ಮೇಲೆ ಕೂತ. ಕುಜ್ಮಾ ಕೂತ, ಗಾಡಿಯವನು ಕೂತ, ಅಗಾಫ್ಯಾ ಕೂತಳು. ಯಾರೂ ಮಾತಾಡಲಿಲ್ಲ. ಆಮೇಲೆ ಎದ್ದರು. ಜಾರುಗಾಡಿ ನೀರು ಚಿಮ್ಮಿಸುತ್ತ ಆಚೆ ದಡ ಹತ್ತಿದ್ದನ್ನು ಅವಳು ಕಣ್ಣಾರೆ ಕಂಡಳು. ಮಧ್ಯಾಹ್ನದ ಊಟದ ಹೊತ್ತಿಗೆ ನದಿ ಒಡೆದು ಹರಿಯಿತು.

ಕವಿ ಸೈಬೀರಿಯಾದಲ್ಲಿ ಒಂಬತ್ತು ವರ್ಷ ಬಾಳಿ ಅಲ್ಲೇ ತೀರಿಕೊಂಡ. ಅವನ ಜೊತೆಗಿದ್ದು ಬಿಡುಗಡೆಯಾದ ಒಬ್ಬ ಗಡೀಪಾರಿನವನು ಹುಡುಕಿಕೊಂಡು ಬಂದು ಅಗಾಫ್ಯಾಳಿಗೆ ಹೇಳಿದ: ತಾಯಿಯ ಮೇಲಿನ ಪದ್ಯ ಹೇಳು ಎಂದು ನಾವೆಲ್ಲ ಎಷ್ಟು ಕೇಳಿದರೂ ಕವಿ ಹೇಳಲಿಲ್ಲ, ಅದು ಅಗಾಫ್ಯಾ ತಾಯಿಯ ಹತ್ತಿರ ಪೂರ್ತಿ ಇದೆ, ಕ್ಷೇಮವಾಗಿದೆ, ಅಮ್ಮನಿಗೆ ದಾರಿಯಾಗಿದೆ ಎಂದು ನಗುತ್ತಿದ್ದ, ಆ ನೆಮ್ಮದಿಯಲ್ಲೇ ಕಣ್ಣು ಮುಚ್ಚಿದ. ಬಂದವನಿಗೆ ಬ್ರೆಡ್ಡು, ಬಿಸಿನೀರು ಕೊಟ್ಟು ಕಳಿಸಿ ಅಗಾಫ್ಯಾ ದಿಣ್ಣೆ ಹತ್ತಿದಳು. ಅಂದಿನಿಂದ ಅವಳಿಗೂ ಕೂರಲಾಗಲಿಲ್ಲ. ಆ ತುದಿಯಿಂದ ಈ ತುದಿಗೆ, ಹತ್ತು ಚರಣ ಹೇಳುವುದು, ಹನ್ನೊಂದನೆಯದು ನಾಲಗೆಯ ತುದಿಗೆ ಬರುತ್ತದೇನೋ ಎಂದು ಕಾಯುವುದು, ಬರದೆ ಮತ್ತೆ ಮೊದಲಿಂದ ಆರಂಭಿಸುವುದು. ಹೀಗೆ ಇಪ್ಪತ್ತೆರಡು ವರ್ಷ ಎನ್ನುತ್ತಾರೆ. ಸಾವಿನ ಮನೆಗಳಿಗೆ ಹೋಗುವುದನ್ನೂ ಬಿಟ್ಟಳು. ಒಂದು ತಾಯಿಯನ್ನು ಹೊಸ್ತಿಲಲ್ಲಿ ನಿಲ್ಲಿಸಿದವಳು ಇನ್ನೊಬ್ಬರನ್ನು ಕಳಿಸುವುದು ಹೇಗೆ ಎಂದು ಸೊಸೆಯೊಬ್ಬಳ ಮುಂದೆ ಮಾತ್ರ ಬಾಯಿಬಿಟ್ಟಳು. ಈ ಕಥೆ ಊರಿಗೆ ತಿಳಿದದ್ದು ಆ ಸೊಸೆಯಿಂದ.

ದೊರೆ ಬದಲಾಗಿ ನಿಷೇಧ ಸಡಿಲವಾದಾಗ ರಾಜಧಾನಿಯಿಂದ ಒಬ್ಬ ಪ್ರಾಧ್ಯಾಪಕ ಬಂದ. ಅಗಾಫ್ಯಾ ಒಂಬತ್ತು ದಿನ ನಡೆಯುತ್ತ ಹೇಳಿದಳು, ಅವನು ಹಿಂದೆ ಹಿಂದೆ ನಡೆಯುತ್ತ ಬರೆದುಕೊಂಡ. ಕೊನೆಯ ಪದ್ಯದ ಹತ್ತನೆಯ ಚರಣಕ್ಕೆ ಅವಳು ನಿಂತಳು. "ಅಷ್ಟೇನಾ ಅಮ್ಮಾ?" ಎಂದ. "ನನ್ನ ಹತ್ರ ಇರೋದು ಅಷ್ಟೇ" ಎಂದಳು. ಅವನು ನಾಲ್ಕು ಸಾಲು ಚುಕ್ಕಿ ಇಟ್ಟು ಅಚ್ಚು ಹಾಕಿಸಿದ. ಪಂಡಿತರಿಗೆ ಅಷ್ಟು ಸಾಕಾಯಿತು. ಮಾತು ಸೋಲುವಲ್ಲಿ ಕವಿ ಬೇಕೆಂದೇ ಮೌನವಾಗಿದ್ದಾನೆ, ಮಗನ ಶೋಕಕ್ಕೆ ಕೊನೆಯಿಲ್ಲವೆಂದು ಸೂಚಿಸಿದ್ದಾನೆ ಎಂದು ದಪ್ಪ ದಪ್ಪ ಗ್ರಂಥ ಬರೆದರು. ಇಂದಿಗೂ ಶಾಲೆಯ ಮಕ್ಕಳು ಪರೀಕ್ಷೆಯಲ್ಲಿ ಅದನ್ನೇ ಬರೆದು ಅಂಕ ಗಳಿಸುತ್ತಾರೆ.

ಈಗ ಹೋದರೆ ದಿಣ್ಣೆಯ ನೆತ್ತಿಯಲ್ಲಿ ಹುಲ್ಲು ಹುಟ್ಟದ ಒಂದು ಸವೆದ ಹಾದಿ ಕಾಣುತ್ತದೆ. ಮಹಾಕವಿಯ ಪಾದದ ಗುರುತು ಎಂದು ಬಸ್ಸಿನ ಜನ ಪಟ ತೆಗೆಯುತ್ತಾರೆ. ಎರಡು ವರ್ಷ ಓಡಾಡಿದವನ ಗುರುತೋ ಇಪ್ಪತ್ತೆರಡು ವರ್ಷ ಓಡಾಡಿದವಳ ಗುರುತೋ ಎಂದು ಊರವರು ವಾದಕ್ಕೆ ಹೋಗುವುದಿಲ್ಲ. ಹಿಮ ಒಡೆಯುವ ಕಾಲದಲ್ಲಿ ಒಂದು ದಿನ ಅವರೂ ಅಲ್ಲಿ ಸೇರಿ, ಆ ಹಾದಿಯಲ್ಲಿ ನಡೆಯುತ್ತ, ತಾಯಿಯ ಪದ್ಯವನ್ನು ಹತ್ತು ಚರಣದವರೆಗೆ ಹೇಳುತ್ತಾರೆ. ಅಲ್ಲಿಗೆ ಎಲ್ಲರೂ ನಿಲ್ಲುತ್ತಾರೆ. ಊರಿನ ಹಿರಿಯ ಹೆಂಗಸೊಬ್ಬಳು ನದಿಯ ಕಡೆ ಮುಖ ಮಾಡಿ, "ಎಲ್ಲಾ ಬಂತು. ಕೂತ್ಕೋ ಅಪ್ಪಾ" ಎನ್ನುತ್ತಾಳೆ. ಆಗ ಊರಿಗೆ ಊರೇ ಹಿಮದ ಮೇಲೆ ಕೂರುತ್ತದೆ.