ಪಿಸ್ತೂಲೂ ಪ್ಲಾಸ್ಟಿಕ್ ಒರೆಯೂ

ಒಡವೆ ಅಂಗಡಿಯ ಕಾವಲುಗಾರ ಪೊನ್ನಪ್ಪ ಅಗ್ಗದ ಪ್ಲಾಸ್ಟಿಕ್ ಒರೆಯೊಂದನ್ನು ಕೊಂಡು, ಎಲ್ಲರಿಗೂ ಕಾಣುವಂತೆ ಸೊಂಟಕ್ಕೆ ಸಿಕ್ಕಿಸಿ, ಅದರಲ್ಲಿ ತನ್ನ ಪಿಸ್ತೂಲನ್ನಿಟ್ಟ.

ಪಿಸ್ತೂಲು ಸಿಡುಕಿತು. "ಹಳೆಯ ಚರ್ಮದ ಒರೆ ನನ್ನನ್ನು ಮೆತ್ತಗೆ ಇಟ್ಟುಕೊಂಡಿತ್ತು. ಅಗ್ಗದ ಮಾಲು ನೀನು, ನಿನಗೇಕೆ ಇಷ್ಟು ಬಿಗುಮಾನ? ಹಿಡಿತ ಸಡಿಲಿಸು."

ಒರೆಗೆ ಆ ಮಾತು ಚುಚ್ಚಿತು. ಆದರೂ ಮೆಲ್ಲಗೆ ಹೇಳಿತು: "ಯಜಮಾನರ ಬೆರಳು ನನ್ನ ಬದಿಯಲ್ಲಿರುವ ಗುಂಡಿ ಒತ್ತಿದರೆ ಆ ಕ್ಷಣವೇ ಬಿಡುತ್ತೇನೆ, ಧಣಿ. ಬೇರೆಯವರಿಗೆ ಬಿಡಲಾರೆ."

ಹಬ್ಬದ ದಿನ ಅಂಗಡಿಯೊಳಗಿನ ನೂಕುನುಗ್ಗಲಿನಲ್ಲಿ ಹಿಂದಿನಿಂದ ಯಾರದೋ ಕೈ ಬಂದು ಪಿಸ್ತೂಲನ್ನು ಜಗ್ಗಿತು. ಒರೆಯ ಅಂಚು ಸೀಳಿಹೋಯಿತು. ಒರೆ ಮಾತ್ರ ಬಿಡಲಿಲ್ಲ. ಅಷ್ಟರಲ್ಲಿ ಪೊನ್ನಪ್ಪ ತಿರುಗಿ ಆ ಕೈಯನ್ನು ಹಿಡಿದುಕೊಂಡ.

"ತುಂಬಾ ನೋವಾಯಿತೇ?" ಎಂದು ಪಿಸ್ತೂಲು ಕೇಳಿತು.

"ಅಂಗಡಿಯ ತುಂಬ ಮಕ್ಕಳಿದ್ದರು, ಧಣಿ," ಎಂದಿತು ಒರೆ. "ಯಾರಿಗೂ ಏನೂ ಆಗಲಿಲ್ಲವಲ್ಲ, ನನಗೆ ಅಷ್ಟು ಸಾಕು."