ದನಿ ತಗ್ಗಿಸಿದ ಕೈ

"ಅಜ್ಜಾ, ತಪ್ಪು ಮಾಡಿದವನು ಒಳಗೊಳಗೇ ನಾಚಿ ಬೆಂದರೆ ಸಾಲದೇ? ಬಾಯಿಬಿಟ್ಟು ಹೇಳಲೇಬೇಕೇ?" ಎಂದು ಮರಿದೇವ ಕೇಳಿದ. ಅವನು ಮಠಕ್ಕೆ ಹೊಸದಾಗಿ ಸೇರಿದ ಶಿಷ್ಯ.

ಮಠದ ಅಜ್ಜನವರು ಅವನ ಮುಖವನ್ನು ಒಮ್ಮೆ ನೋಡಿದರು. "ಕೂತ್ಕೋ ತಮ್ಮಾ. ಶಾಸ್ತ್ರದಲ್ಲಿ ಇದಕ್ಕೆ ಉತ್ತರವಿದೆ. ಅದನ್ನು ಹೇಳಿದರೆ ನಿನಗೆ ನಿದ್ದೆ ಬರುತ್ತದೆ. ಗಿಟಾರ್ ಬಾರಿಸುವವನೊಬ್ಬನ ಕತೆ ಹೇಳುತ್ತೇನೆ, ಕೇಳು" ಎಂದು ಶುರು ಮಾಡಿದರು.

ಗಣಿಯ ಊರೊಂದರಲ್ಲಿ ಒಬ್ಬ ಮುದುಕನಿದ್ದ. ಹಗಲೆಲ್ಲ ಗಣಿಯಲ್ಲಿ ದುಡಿದು ಸಂಜೆ ಕರೆಂಟಿನ ಗಿಟಾರ್ ಬಾರಿಸುತ್ತಿದ್ದ. ಅವನದು ಬ್ಲೂಸ್ ಎಂಬ ಸಂಗೀತ. ಹೆಸರು ಕೇಳಿ ಹುಬ್ಬು ಗಂಟಿಕ್ಕಬೇಡ. ದುಡಿಯುವ ಜನ ತಮ್ಮ ಸಂಕಟವನ್ನು ತಾವೇ ಹಾಡಿಕೊಳ್ಳುವ ಸಂಗೀತ ಅದು. ನಮ್ಮ ಹೆಂಗಸರು ಬೀಸುವ ಕಲ್ಲಿನ ಮುಂದೆ ಹಾಡಿಕೊಳ್ಳುತ್ತಿರಲಿಲ್ಲವೇ, ಹಾಗೆ. ಮುದುಕ ತಂತಿಯನ್ನು ಒತ್ತಿ ಪಕ್ಕಕ್ಕೆ ಎಳೆದರೆ ಅದು ಅತ್ತಂತೆ ಕೇಳುತ್ತಿತ್ತು. ಆ ಎಳೆತವನ್ನು ಅವನು ತನ್ನ ಬೀದಿಯ ಒಬ್ಬ ತರುಣನಿಗೆ ಕಲಿಸಿದ.

ತರುಣ ಪಟ್ಟಣಕ್ಕೆ ಹೋದ. ಮೊದಮೊದಲು ಮದುವೆಗಳಲ್ಲಿ ಸಿನಿಮಾ ಹಾಡು ಬಾರಿಸಿದ, ಹೊಟ್ಟೆ ಕೇಳಬೇಕಲ್ಲ. ಆಮೇಲೆ ದೊಡ್ಡ ಹಾಡುಗಾರರ ಹಿಂದೆ ನಿಂತು ಬಾರಿಸಿದ. ಕಡೆಗೆ ತಾನೇ ಮುಂದೆ ನಿಂತ. ಗೋಡೆಗಳ ಮೇಲೆ ಅವನ ಮುಖ ಬಂತು, ರೆಕಾರ್ಡುಗಳು ದೇಶ ದಾಟಿದವು. ಅವನ ತಂತಿಯ ಅಳುವನ್ನು ಹೊಗಳದವರಿಲ್ಲ. ಅದು ಯಾರ ಕೈಯಿಂದ ಬಂತೆಂದು ಯಾರೂ ಕೇಳಲಿಲ್ಲ, ಅವನೂ ಹೇಳಲಿಲ್ಲ.

ಒಮ್ಮೆ ಅವನ ಕಛೇರಿ ಗಣಿಯೂರಿನ ಪಕ್ಕದಲ್ಲೇ ಏರ್ಪಾಡಾಯಿತು. ಮುದುಕ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಮುಂದಿನ ಸಾಲಿನಲ್ಲಿ ಬಂದು ಕುಳಿತ. ಆ ಸೀಮೆಯ ವಾದಕರಲ್ಲಿ ಒಂದು ಪದ್ಧತಿ ಇತ್ತು. ಕಲಿಸಿದವನು ಸಭೆಯಲ್ಲಿದ್ದರೆ ವೇದಿಕೆಗೆ ಕರೆದು, ತನ್ನ ಗಿಟಾರನ್ನೇ ಅವನ ಹೆಗಲಿಗೆ ಹಾಕಿ, ಪಕ್ಕಕ್ಕೆ ಸರಿದು ನಿಲ್ಲಬೇಕು. ಮುದುಕನ ಶಿಷ್ಯನಾದ ಈ ವಾದಕನೂ ಹಾಗೆಯೇ ಮಾಡಿದ. ಮಾಡದೆ ವಿಧಿಯಿರಲಿಲ್ಲ.

ಮುದುಕ ಒಂದೇ ಒಂದು ತಂತಿ ಎಳೆದ. ಸಭೆ ಗಪ್ಪಾಯಿತು. ಸ್ವಲ್ಪ ಹೊತ್ತಿಗೆ ಜನ ಎದ್ದು ನಿಂತರು. ವಾದಕನ ಹೊಟ್ಟೆಗೆ ಕಿಚ್ಚು ಬಿತ್ತು. ಇಷ್ಟು ವರ್ಷ ತಾನು ಬಾರಿಸಿದ್ದು ಇವನ ನಕಲು ಎಂದು ಇವತ್ತು ಎಲ್ಲರಿಗೂ ತಿಳಿದುಹೋಗುತ್ತದೆ ಎಂದು ಹೆದರಿದ. ಕರೆಂಟಿನ ಗಿಟಾರಿಗೆ ಸ್ವಂತ ದನಿ ಕಡಿಮೆ. ದನಿಯೆಲ್ಲ ಹಿಂದೆ ಇಟ್ಟ ಆಂಪ್ಲಿಫೈಯರ್ ಎಂಬ ಪೆಟ್ಟಿಗೆಯದು. ಅವನು ಏನೋ ಸರಿಪಡಿಸುವವನ ಹಾಗೆ ಪೆಟ್ಟಿಗೆಯ ಬಳಿ ಹೋಗಿ, ಗುಂಡಿಯನ್ನು ಮೆಲ್ಲಗೆ ತಿರುಗಿಸಿ ದನಿ ತಗ್ಗಿಸಿದ.

ಅಂಥ ಪೆಟ್ಟಿಗೆಯ ಮುಂದೆ ನಿಂತು ನಿಂತು ಮುದುಕನ ಕಿವಿ ಮಂದವಾಗಿತ್ತು. ದನಿ ತಗ್ಗಿದ್ದು ಪೆಟ್ಟಿಗೆಯಿಂದ ಎಂಬ ಮೋಸ ಅವನಿಗೆ ತಿಳಿಯಲಿಲ್ಲ, ತನ್ನ ಕೈಯೇ ಸೋತಿತೆಂದುಕೊಂಡ. ಇನ್ನೂ ಬಲವಾಗಿ ಮೀಟಿದ, ಇನ್ನೂ ಬಲವಾಗಿ ಎಳೆದ. ಏನು ಮಾಡಿದರೂ ದನಿ ಏಳಲಿಲ್ಲ. ಹಿಂದಿನ ಸಾಲಿನವರು ಅವರವರ ಮಾತಿಗೆ ತೊಡಗಿದರು. ಅವನು ಅರ್ಧಕ್ಕೇ ನಿಲ್ಲಿಸಿ ಗಿಟಾರನ್ನು ಹಿಂದಕ್ಕೆ ಕೊಟ್ಟ. "ಕೈ ಸತ್ತುಹೋಗಿದೆ ಮಗಾ. ಇಷ್ಟು ಜನರ ಮುಂದೆ ನಿನ್ನ ಮಾನವನ್ನೂ ಕಳೆದೆ, ಬೇಜಾರು ಮಾಡ್ಕೋಬೇಡ" ಎಂದ. ತಲೆ ಬಗ್ಗಿಸಿಕೊಂಡು ಮೆಟ್ಟಿಲು ಇಳಿದ. ಮನೆಗೆ ಹೋದವನು ತನ್ನ ಗಿಟಾರನ್ನು ಗೋಡೆಗೆ ನೇತುಹಾಕಿದ, ಮತ್ತೆ ಮುಟ್ಟಲಿಲ್ಲ.

ವಾದಕನಿಗೆ ನಾಚಿಕೆಯಾಯಿತೇ ಎಂದರೆ, ಆಯಿತಪ್ಪಾ. ಸಾಯುವಷ್ಟು ನಾಚಿಕೆಯಾಯಿತು. ಹೇಳಿಬಿಡಬೇಕೆಂದು ಮುದುಕನ ಮನೆಗೆ ಹೋದ. ಹೋದವನು ಹಣ್ಣು ಕೊಟ್ಟು ಬಂದ. ಮತ್ತೆ ಹೋದ, ಶಾಲು ಹೊದಿಸಿ ಬಂದ. ಶಾಲು ಹೊದಿಸಿದರೆ ತಪ್ಪು ಮುಚ್ಚುತ್ತದೆಯೇ? ಮುದುಕ ಆ ಶಾಲನ್ನು ನೆರೆಯವರಿಗೆಲ್ಲ ತೋರಿಸಿ, "ಕೈ ಸತ್ತವನನ್ನೂ ಹುಡುಗ ಮರೆತಿಲ್ಲ ನೋಡಿ" ಎಂದು ಹೇಳಿಕೊಂಡು ತಿರುಗಿದ. ಅದನ್ನು ಕೇಳಿದ ಮೇಲೆ ಹೇಳುವುದು ಇನ್ನೂ ಕಷ್ಟವಾಯಿತು. ಇವತ್ತು ಬೇಡ, ಮುಂದಿನ ಸಲ ಎಂದುಕೊಂಡ. ಹಾಗೆಯೇ ವರ್ಷಗಳು ಸರಿದವು.

ಕಡೆಗೊಂದು ದಿನ ತಡೆಯಲಾರದೆ ಕಾಲಿಗೆ ಬಿದ್ದು ಎಲ್ಲವನ್ನೂ ಹೇಳಿದ. ಮುದುಕ ಬೈಯಲಿಲ್ಲ. ಅವನ ಮುಖದ ಮೇಲೆ ಸಂತೋಷವೇ ಕಾಣಿಸಿತು. ಹಾಗಾದರೆ ತನ್ನ ಕೈ ಸತ್ತಿರಲಿಲ್ಲ! ಗಿಟಾರನ್ನು ಗೋಡೆಯಿಂದ ಇಳಿಸಿಕೊಡು ಎಂದ. ಧೂಳು ಒರೆಸಿ, ತೊಡೆಯ ಮೇಲೆ ಇಟ್ಟುಕೊಂಡು ತಂತಿ ಒತ್ತಿದ.

ತಂತಿ ಬಾರಿಸುವವರ ಬೆರಳ ತುದಿ ಜಡ್ಡುಗಟ್ಟಿರುತ್ತದೆ. ಬಾರಿಸುವುದನ್ನು ಬಿಟ್ಟರೆ ಜಡ್ಡು ಕರಗಿಹೋಗುತ್ತದೆ. ಮುದುಕನ ಬೆರಳು ಈಗ ಕೂಸಿನ ಬೆರಳಿನಷ್ಟು ಮೆತ್ತಗಿತ್ತು, ಗಂಟುಗಳು ಬಿಗಿದಿದ್ದವು. ತಂತಿ ಚರ್ಮಕ್ಕೆ ಇಳಿದು ರಕ್ತ ಬಂತು, ಆ ಅಳು ಬರಲಿಲ್ಲ. "ಕೈ ಸತ್ತಿದೆ ಅಂದದ್ದು ಆವತ್ತು ಸುಳ್ಳಾಗಿತ್ತು. ಈಗ ನಿಜವೇ ಆಗಿಬಿಟ್ಟಿದೆ" ಎಂದು ಗಿಟಾರನ್ನು ಕೆಳಗಿಟ್ಟ.

ಅಜ್ಜನವರು ಕತೆ ನಿಲ್ಲಿಸಿದರು. ಮರಿದೇವ ನೆಲ ನೋಡುತ್ತಿದ್ದ. "ತಡವಾದರೂ ಹೇಳಿದನಲ್ಲ, ಅಜ್ಜಾ" ಎಂದ.

"ಹೇಳಿದ. ನಿನ್ನದಕ್ಕೆ ಎಷ್ಟು ದಿನವಾಯಿತು?" ಎಂದರು ಅಜ್ಜನವರು.