ಹೈಲಮ್ ಎಂಬ ತಗ್ಗಿನ ಗತ್ತು

ಮೂತ್ರಪಿಂಡದ ಒಳಮಗ್ಗುಲಿನಲ್ಲಿ ಒಂದು ತಗ್ಗು ಇದೆ. ವೈದ್ಯರು ಅದನ್ನು ಹೈಲಮ್ ಎನ್ನುತ್ತಾರೆ. ರಕ್ತ ತರುವ ಧಮನಿ, ರಕ್ತ ಒಯ್ಯುವ ಅಭಿಧಮನಿ, ಮೂತ್ರ ಇಳಿಸುವ ನಾಳ, ಮೂವರೂ ಆ ತಗ್ಗನ್ನು ಹಾದೇ ಹೋಗಬೇಕು. ಹಾಗಾಗಿ ಹೈಲಮ್‌ಗೆ ಎಲ್ಲಿಲ್ಲದ ಗತ್ತು.

“ಧಮನಿಯವರೇ, ನನ್ನನ್ನು ಬಿಟ್ಟು ಇಲ್ಲಿ ಒಂದು ಹನಿಯೂ ಅಲ್ಲಾಡುವುದಿಲ್ಲ. ಬರುವಾಗ ಒಂದು ನಮಸ್ಕಾರ ಹಾಕಿದರೆ ನಿಮ್ಮ ಗಂಟೇನು ಹೋಗುತ್ತದೆ?” ಎಂದು ಅದು ಗದರಿತು. ಜಗಳ ಯಾಕೆಂದು ಧಮನಿ ಅಂದಿನಿಂದ ಮಿಡಿತಕ್ಕೊಂದು ನಮಸ್ಕಾರ ಹಾಕತೊಡಗಿತು.

ಒಂದು ದಿನ ಒಳಗಿನಿಂದ ಉರುಳಿಬಂದ ಕಲ್ಲೊಂದು ನಾಳದ ಬಾಯಿಗೆ ಸಿಕ್ಕಿಕೊಂಡಿತು. ಮೂತ್ರ ಇಳಿಯಲಾರದೆ ಮೂತ್ರಪಿಂಡ ಊದತೊಡಗಿತು.

“ಸ್ವಾಮಿ, ನಿಮ್ಮ ಬಾಗಿಲಲ್ಲೇ ಸಾಯುತ್ತಿದ್ದೇನೆ, ಏನಾದರೂ ಮಾಡಿ!” ಎಂದು ನಾಳ ಹೈಲಮ್‌ಗೆ ಮೊರೆಯಿಟ್ಟಿತು.

“ನಾನೇನು ಮಾಡಲಿ?” ಎಂದಿತು ಹೈಲಮ್. “ಬೇಕಾದರೆ ವೈದ್ಯರ ಪುಸ್ತಕ ತೆಗೆದು ನೋಡಿ. ನಾನು ಬರೀ ತಗ್ಗು. ತಗ್ಗಿಗೆ ಕೈಯುಂಟೇ, ಕಾಲುಂಟೇ?”

ನಾಳ ಅಳುತ್ತಲೇ ಮೈಯನ್ನು ಹಿಂಡಿ ಹಿಂಡಿ, ಕೊನೆಗೂ ಕಲ್ಲನ್ನು ಕೆಳಗೆ ತಳ್ಳಿತು. ಊತ ಇಳಿಯಿತು.

ಹೈಲಮ್ ಗಂಟಲು ಸರಿಮಾಡಿಕೊಂಡಿತು. “ನೋಡಿದಿರಾ? ಕಲ್ಲು ಹೋದದ್ದು ನನ್ನ ದಾರಿಯಲ್ಲೇ. ಅಂದ ಹಾಗೆ ಧಮನಿಯವರೇ, ಈ ಗಲಾಟೆಯಲ್ಲಿ ನಿಮ್ಮ ನಮಸ್ಕಾರ ಒಂದೆರಡು ತಪ್ಪಿಹೋಗಿವೆ.”